ಹತ್ತೊಂಬತ್ತನೇ ಮೂಟೆಗೆ ಹತ್ತಿದ ದೀಪ

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ. ಸಗಟು ಮಾರುಕಟ್ಟೆಯ ಹಿಂದಿನ ಬಯಲಿನಲ್ಲಿ ಮೂವತ್ತು ಮೂವತ್ತೈದು ಪುಟ್ಟ ಸರಕು ಗಾಡಿಗಳು ಒತ್ತೊತ್ತಾಗಿ ನಿಂತಿವೆ. ಒಂದರ ಬಾಗಿಲು ತೆರೆದಿದೆ. ಚಾಲಕ ಸೀಟಿನಲ್ಲಿ ಕಾಲು ಮಡಚಿ ಕೂತಿದ್ದಾನೆ. ಕೆಳಗೆ, ಸ್ಟೀರಿಂಗ್ ಪಕ್ಕ, ಮೊಣಕಾಲೂರಿದ ಒಬ್ಬ ಹೆಂಗಸು ಡ್ಯಾಶ್‌ಬೋರ್ಡಿನ ಹೊಟ್ಟೆಯೊಳಗೆ ಕೈ ಹಾಕಿದ್ದಾರೆ. ಹೊರಗೆ ಸಣ್ಣಗೆ ತುಂತುರು, ಆದರೆ ಗಾಡಿಯ ವೈಪರ್ ಮಿಸುಕುತ್ತಿಲ್ಲ.

ಅವರ ಕೈಯಲ್ಲಿರುವುದು ಟೆಸ್ಟ್ ಲ್ಯಾಂಪು. ಪೆನ್ನಿನಷ್ಟು ಉದ್ದದ ಹಿಡಿ, ಅದರೊಳಗೊಂದು ಬಲ್ಬು, ತುದಿಗೆ ಸೂಜಿಯಂಥ ಮೊನೆ. ಫ್ಯೂಸಿನ ತಲೆಯ ಮೇಲೆ ಎಳ್ಳುಕಾಳಿನಂತೆ ಎರಡು ಲೋಹದ ಚುಕ್ಕಿಗಳಿರುತ್ತವೆ. ಮೊದಲ ಚುಕ್ಕಿಗೆ ಮೊನೆ ತಾಗಿದಾಗ ಬಲ್ಬು ಹತ್ತುತ್ತದೆ. ಎರಡನೆಯದಕ್ಕೆ ತಾಗಿದಾಗ ಹತ್ತುವುದಿಲ್ಲ. "ಈ ಕಡೆ ಬಂತು, ಆ ಕಡೆ ದಾಟಲಿಲ್ಲ. ನಡುವೆ ಹೋಗಿದೆ," ಎನ್ನುತ್ತಾರೆ ತಮಗೆ ತಾವೇ. ಪ್ಲಾಸ್ಟಿಕ್ ಚಿಮುಟದಿಂದ ನೀಲಿ ಫ್ಯೂಸನ್ನು ಎಳೆದು ಆಕಾಶಕ್ಕೆ ಹಿಡಿಯುತ್ತಾರೆ. ಒಳಗಿನ ಎಳೆ ತುಂಡಾಗಿದೆ.

ಹೊಸದು ಹಾಕುತ್ತಾರೆ ಎಂದುಕೊಂಡರೆ ಇಲ್ಲ. ಕೆಳಗಿಳಿದು ಗಾಡಿಯ ಮುಂದೆ ಬಂದು ವೈಪರಿನ ಬುಡ ತಡವುತ್ತಾರೆ. ಅಲ್ಲಿ ಒಂದು ಒಣಕಡ್ಡಿ ಸಿಕ್ಕಿಕೊಂಡು ತೋಳನ್ನು ಹಿಡಿದಿದೆ. ಅದನ್ನು ಕಿತ್ತು ಬಿಸಾಡಿ, ಆಮೇಲೆ ಹದಿನೈದು ಆಂಪಿನ ಹೊಸ ಫ್ಯೂಸು ಕೂರಿಸುತ್ತಾರೆ. ವೈಪರ್ ಗಾಜನ್ನು ಒರೆಸುತ್ತದೆ. ಅವರ ಕೆಲಸ ನೋಡಿ ಬರೆಯಲು ಬಂದ ನಾನು ಗಡಿಯಾರ ನೋಡಿಕೊಂಡೆ, ನಾಲ್ಕು ನಿಮಿಷ. "ಯಾಕೆ ಹೋಯ್ತು ಅಂತ ತಿಳ್ಕೊಳ್ದೆ ಹೊಸದು ಹಾಕಿದ್ರೆ, ಅದನ್ನೂ ಸಾಯೋಕೆ ಕಳಿಸಿದ ಹಾಗೆ," ಎನ್ನುವಾಗ ಅವರು ಆಗಲೇ ಮುಂದಿನ ಗಾಡಿಯತ್ತ ಹೊರಟಿರುತ್ತಾರೆ.

ಬಯಲಿನವರೆಲ್ಲ ಅವರನ್ನು ಕರೆಯುವುದು 'ಫ್ಯೂಸಕ್ಕ' ಎಂದು. ವಯಸ್ಸು ಐವತ್ತೆರಡು. ಬೆಳಗಿನ ಐದರಿಂದ ಒಂಬತ್ತರೊಳಗೆ, ಗಾಡಿಗಳು ಸರಕು ತುಂಬಿ ಹೊರಡುವ ಹೊತ್ತಿಗೆ, ಇಪ್ಪತ್ತಕ್ಕೂ ಹೆಚ್ಚು ಗಾಡಿಗಳಿಗೆ ಅವರ ಕೈ ತಾಗುತ್ತದೆ. ಸಾಮಾನ್ಯವಾಗಿ ಒಂದು ಗಾಡಿಗೆ ಎರಡು ಫ್ಯೂಸ್ ಡಬ್ಬಿ: ಸ್ಟೀರಿಂಗ್ ಕೆಳಗೆ ಚಿಕ್ಕವು, ಸೀಟಿನಡಿ ಬ್ಯಾಟರಿ ಪಕ್ಕ ದಪ್ಪನೆಯವು. ಯಾವುದು ಯಾವುದಕ್ಕೆ ಎಂದು ಬರೆದ ಚೀಟಿ ಮುಚ್ಚಳದ ಒಳಗಿರಬೇಕು. ಹಳೆಯ ಗಾಡಿಗಳಲ್ಲಿ ಚೀಟಿ ಅಳಿಸಿರುತ್ತದೆ, ಇಲ್ಲವೇ ಮುಚ್ಚಳವೇ ಇರುವುದಿಲ್ಲ. ಫ್ಯೂಸಕ್ಕನಿಗೆ ಅದರ ಹಂಗಿಲ್ಲ. ನಾನು ಪರೀಕ್ಷೆ ಮಾಡಿಯೇಬಿಟ್ಟೆ. ದೂರದ ಒಂದು ಗಾಡಿ ತೋರಿಸಿ, ಹಾರ್ನಿನ ಫ್ಯೂಸು ಎಲ್ಲಿದೆ ಎಂದೆ. "ಎರಡನೇ ಸಾಲು, ಎಡದಿಂದ ಮೂರನೇದು, ಹದಿನೈದು." ಹೋಗಿ ನೋಡಿದೆ. ಹಾಗೆಯೇ ಇತ್ತು. ಇನ್ನೂ ಮೂರು ಗಾಡಿ ಕೇಳಿದೆ. ನಾಲ್ಕನೆಯದಕ್ಕೆ ಹೊರಟಾಗ ನನ್ನ ಹುಡುಗಾಟ ನನಗೇ ನಾಚಿಕೆ ತಂದಿತು.

ಫ್ಯೂಸು ಎಂದರೇನು ಎಂದು ನನ್ನಂಥ ದಡ್ಡನಿಗೆ ಅವರು ವಿವರಿಸುವುದು ಹೀಗೆ: "ಬೇಕಂತಲೇ ಬಡಪಾಯಿ ಮಾಡಿಟ್ಟಿರೋ ತಂತಿ ಅದು. ಕರೆಂಟು ಮೈಮೇಲೆ ಬಂದ್ರೆ ಮೊದಲು ತಾನು ಸಾಯುತ್ತೆ, ಮಿಕ್ಕಿದ್ದನ್ನ ಉಳಿಸುತ್ತೆ. ಅದರ ಜಾಗದಲ್ಲಿ ಗಟ್ಟಿ ತಂತಿ ಹಾಕಿದ್ರೆ ತಂತಿ ಉಳಿಯುತ್ತೆ, ಗಾಡಿ ಸಾಯುತ್ತೆ." ಈ ಮಾತನ್ನು ಅವರು ಪುಸ್ತಕದಲ್ಲಿ ಓದಿ ಕಲಿತದ್ದಲ್ಲ.

ಈ ಕೆಲಸ ಮೊದಲು ಅವರ ಗಂಡನದು. ಇದೇ ಬಯಲಿನಲ್ಲಿ ಹದಿನಾರು ವರ್ಷ ಗಾಡಿಗಳ ವೈರಿಂಗ್ ಮಾಡಿದವರು ಅವರು. ಫ್ಯೂಸಕ್ಕ ಆಗ ಮಾರುಕಟ್ಟೆಯ ಶೆಡ್ಡಿನಲ್ಲಿ ಹರಿದ ಗೋಣಿಚೀಲ ಹೊಲಿಯುತ್ತಿದ್ದರು. ಹನ್ನೆರಡು ವರ್ಷದ ಹಿಂದೆ ಒಂದು ಬೆಳಿಗ್ಗೆ, ಬೇಕರಿಗಳಿಗೆ ಹಿಟ್ಟು ಸಾಗಿಸುವ ಚಾಲಕರೊಬ್ಬರ ಗಾಡಿಯಲ್ಲಿ ವೈಪರಿನ ಫ್ಯೂಸು ಹೋಯಿತು. ಅವರನ್ನು ಇಲ್ಲಿ 'ಹಿಟ್ಟಿನಣ್ಣ' ಎನ್ನುತ್ತಾರೆ. ಗಂಡನ ಡಬ್ಬಿಯಲ್ಲಿ ಆ ಅಳತೆಯದು ಮುಗಿದಿತ್ತು. ತಾಮ್ರದ ನಾಲ್ಕು ಎಳೆ ತಿರುಚಿ ಆ ಜಾಗಕ್ಕೆ ಸಿಕ್ಕಿಸಿ, ನಾಳೆ ಬಂದು ಸರಿ ಮಾಡಿಸಿಕೊಳ್ಳಿ ಎಂದು ಕಳಿಸಿದರು. ಹಿಟ್ಟಿನಣ್ಣ ಮಾರನೆಯ ದಿನ ಬರಲಿಲ್ಲ. ಮೂರನೆಯ ದಿನ ಮಳೆ ಬಂತು.

ನಡುರಸ್ತೆಯಲ್ಲಿ ವೈಪರ್ ಸಿಕ್ಕಿಕೊಂಡು ನಿಂತಿತು. ಮೋಟಾರು ಕರೆಂಟು ಎಳೆಯುತ್ತಲೇ ಹೋಯಿತು. ಫ್ಯೂಸು ಇದ್ದಿದ್ದರೆ ಕ್ಷಣದಲ್ಲಿ ಕತ್ತರಿಸಿಕೊಳ್ಳುತ್ತಿತ್ತು, ತಾಮ್ರ ಜಪ್ಪಯ್ಯ ಅನ್ನಲಿಲ್ಲ. ಡ್ಯಾಶ್‌ಬೋರ್ಡಿನ ಹಿಂದೆ ವೈರುಗಳು ಹೊತ್ತಿಕೊಂಡವು. ಕೀಲಿ ತಿರುಗಿಸಿ ಎಂಜಿನ್ ನಿಲ್ಲಿಸಲು ಹೊಗೆಯೊಳಗೆ ಕೈ ಹಾಕಿದ ಹಿಟ್ಟಿನಣ್ಣನ ಬಲಗೈ ಮೊಣಕೈಯಿಂದ ಮಣಿಕಟ್ಟಿನವರೆಗೆ ಸುಟ್ಟಿತು. ಜೀವ ಉಳಿಯಿತು, ಗಾಡಿ ಉಳಿಯಲಿಲ್ಲ.

ಗಂಡ ಆಸ್ಪತ್ರೆಗೆ ಹೋಗಿ ವಾರ್ಡಿನ ಬಾಗಿಲಲ್ಲೇ ನಿಂತು ವಾಪಸು ಬಂದರು. ಸಾಮಾನಿನ ಪೆಟ್ಟಿಗೆಯನ್ನು ಮಂಚದ ಕೆಳಗೆ ತಳ್ಳಿದರು. ಆಮೇಲೆ ಅವರು ಬಯಲಿಗೆ ಕಾಲಿಡಲಿಲ್ಲ, ಮನೆಯಲ್ಲೂ ಮಾತಿಲ್ಲ. ಊಟಕ್ಕೆ ಕರೆದರೆ ಎದ್ದು ಬರುವರು, ಇಲ್ಲದಿದ್ದರೆ ಗೋಡೆ ನೋಡುತ್ತ ಕೂರುವರು. ಹೀಗೆ ತಿಂಗಳುಗಳು ಕಳೆದವು.

ಒಂದು ಮಧ್ಯಾಹ್ನ ಫ್ಯೂಸಕ್ಕ ಆ ಪೆಟ್ಟಿಗೆ ಎಳೆದು ಫ್ಯೂಸುಗಳನ್ನೆಲ್ಲ ತಟ್ಟೆಗೆ ಸುರಿದುಕೊಂಡು ಕೂತರು. ಎದುರಿಗೆ ಅತ್ತೆ, ಮೂಗಿನ ತುದಿಗೆ ಕನ್ನಡಕ. ಮಗುವಿಗೆ ಮಗ್ಗಿ ಒಪ್ಪಿಸಿಕೊಂಡಂತೆ ಅತ್ತೆ ಒಂದೊಂದೇ ಎತ್ತಿ ಹಿಡಿಯುವುದು, ಸೊಸೆ ಹೇಳುವುದು. ಹತ್ತು ಕೆಂಪು. ಹದಿನೈದು ನೀಲಿ. ಇಪ್ಪತ್ತು ಹಸಿರು ಎಂದು ಬಾಯಿ ತಪ್ಪಿತು. ಒಳಕೋಣೆಯಿಂದ ಧ್ವನಿ ಬಂತು: "ಇಪ್ಪತ್ತು ಹಳದಿ. ಹಸಿರು ಮೂವತ್ತು."

"ಎಷ್ಟೋ ದಿನದ ಮೇಲೆ ತಾವಾಗೇ ಆಡಿದ ಮಾತು ಅದು," ಎನ್ನುತ್ತಾರೆ ಫ್ಯೂಸಕ್ಕ. "ಅತ್ತೆ ನನ್ನ ಮುಖ ನೋಡಿದ್ರು, ನಾನು ಅವರ ಮುಖ ನೋಡಿದೆ. ಮಾರನೇ ದಿನದಿಂದ ಬೇಕಂತಲೇ ತಪ್ಪು ಹೇಳೋಕೆ ಶುರು ಮಾಡಿದೆ."

ತಪ್ಪು ತಿದ್ದುತ್ತ ತಿದ್ದುತ್ತ ಗಂಡ ಕೋಣೆಯಿಂದ ಹೊಸ್ತಿಲಿಗೆ, ಹೊಸ್ತಿಲಿಂದ ತಟ್ಟೆಯ ಮುಂದಕ್ಕೆ ಬಂದರು. ಹಳೆಯ ಬ್ಯಾಟರಿ, ಒಂದು ಹಾರ್ನು, ಎರಡು ಬಲ್ಬು ಇಟ್ಟುಕೊಂಡು ಹೆಂಡತಿಗೆ ಆರು ತಿಂಗಳು ಪಾಠ ನಡೆಯಿತು. ಆದರೆ ತಾವು ಮಾತ್ರ ಏನನ್ನೂ ಮುಟ್ಟಲಿಲ್ಲ. ಬೆರಳು ತೋರಿಸುವುದು ಅವರದು, ಮಾಡುವುದು ಇವರದು.

ಫ್ಯೂಸಕ್ಕ ಪೆಟ್ಟಿಗೆ ಹಿಡಿದು ಬಯಲಿಗೆ ಬಂದಾಗ ಮೊದಲ ಮೂರು ವಾರ ಒಂದು ಗಾಡಿಯೂ ಸಿಗಲಿಲ್ಲ. ಚೀಲ ಹೊಲಿಯೋರು ಈಗ ವೈರು ಹೊಲೀತಾರಂತೆ ಎಂದು ನಕ್ಕವರುಂಟು. ಗಂಡನ ಕೈಯಿಂದ ಒಂದು ಗಾಡಿ ಸುಟ್ಟಿದೆ, ಹೆಂಡತಿಯ ಕೈಯಿಂದ ಇನ್ನೆಷ್ಟೋ ಎಂದು ಕಿವಿಗೆ ಬೀಳುವಂತೆಯೇ ಆಡಿದವರುಂಟು. ಫ್ಯೂಸಕ್ಕ ದಿನಾ ಐದಕ್ಕೆ ಬಂದು ಒಂಬತ್ತರವರೆಗೆ ನಿಂತು ಹೋಗುತ್ತಿದ್ದರು. ನಾಲ್ಕನೇ ವಾರ ಯಾರದೋ ಹಾರ್ನು ಹೋಗಿತ್ತು, ಬೇರೆ ಗತಿ ಇರಲಿಲ್ಲ. ಹಾಗೆ ಶುರುವಾಯಿತು. ಆದರೂ ಎರಡು ವರ್ಷ ಅವರ ಪಾಲಿಗೆ ಬಂದದ್ದು ಹಾರ್ನು, ಒಳಗಿನ ಬಲ್ಬು, ಇಂಥ ಚಿಲ್ಲರೆ ಕೆಲಸಗಳೇ.

ಮೂರನೇ ವರ್ಷ ಹಿಟ್ಟಿನಣ್ಣ ಬಂದರು. ಬೇರೆ ಗಾಡಿ, ಹೊಸ ರೋಗ. ಹಿಂದಿನ ದೀಪಗಳ ಫ್ಯೂಸು ಎರಡು ದಿನಕ್ಕೊಮ್ಮೆ ಹೋಗುತ್ತಿತ್ತು. ಮುಂಜಾನೆಯ ಮಬ್ಬಿನಲ್ಲಿ ಹಿಂದಿನ ದೀಪವಿಲ್ಲದೆ ಓಡಿಸುವುದೆಂದರೆ ಲಾರಿಗಳಿಗೆ ಬೆನ್ನು ಒಡ್ಡಿದಂತೆ. ನಾಲ್ಕು ಕಡೆ ತೋರಿಸಿದ್ದರು. ನಿಲ್ಲಿಸಿ ನೋಡಿದರೆ ಎಲ್ಲ ಸರಿಯಾಗಿರುತ್ತಿತ್ತು. ನಾಲ್ಕನೆಯವನು ಹತ್ತರ ಜಾಗದಲ್ಲಿ ಮೂವತ್ತರದು ಹಾಕುತ್ತೇನೆ, ಜನ್ಮದಲ್ಲಿ ಹೋಗುವುದಿಲ್ಲ ಎಂದ. ಹಿಟ್ಟಿನಣ್ಣ ತಮ್ಮ ತೋಳು ನೋಡಿಕೊಂಡು, ಗಾಡಿ ತಿರುಗಿಸಿ ಸೀದಾ ಇಲ್ಲಿಗೆ ಬಂದರು. ಯಾರ ಹೆಂಡತಿಯ ಮುಂದೆ ನಿಂತಿದ್ದೇನೆಂದು ಅವರಿಗೆ ಗೊತ್ತಿತ್ತು. ಯಾರ ತೋಳು ನೋಡುತ್ತಿದ್ದೇನೆಂದು ಇವರಿಗೂ ಗೊತ್ತಿತ್ತು.

ಉಳಿದವರೆಲ್ಲ ಏನು ಹೋಗುತ್ತದೆ ಎಂದು ಕೇಳಿದ್ದರು. ಫ್ಯೂಸಕ್ಕ ಯಾವಾಗ ಹೋಗುತ್ತದೆ ಎಂದು ಕೇಳಿದರು. ಹತ್ತು ದಿನ ಗುರುತು ಹಾಕಿಕೊಂಡು ಬರಲು ಹೇಳಿ ಕಳಿಸಿದರು. ಚೀಟಿ ನೋಡಿದರೆ ಐದು ಸಲ ಹೋಗಿತ್ತು, ಐದೂ ಸಲ ಹೋಗುವ ದಾರಿಯಲ್ಲೇ. ಬರುವಾಗ ಒಮ್ಮೆಯೂ ಇಲ್ಲ. ಹೋಗುವಾಗ ಇರುವುದು, ಬರುವಾಗ ಇಲ್ಲದಿರುವುದು ಏನು? ಮೂಟೆ. ನಾಳೆ ಬೆಳಿಗ್ಗೆ ಲೋಡು ಮಾಡುವಾಗ ನಾನು ಪಕ್ಕದಲ್ಲಿರುತ್ತೇನೆ ಎಂದರು.

ಮನೆಗೆ ಹೋಗಿ ಗಂಡನಿಗೆ ಗಾಡಿ ಯಾರದೆಂದು ಹೇಳಿದರು. ಬೆಳಿಗ್ಗೆ ಚಪ್ಪಲಿ ಮೆಟ್ಟಿ ಹೊರಟಾಗ ಹಿಂದೆ ಹೆಜ್ಜೆ ಸಪ್ಪಳ ಕೇಳಿತು. ಗಂಡ ಟಾರ್ಚು ಹಿಡಿದು ಬರುತ್ತಿದ್ದರು.

ಆ ಬೆಳಗಿನ ಕತೆಯನ್ನು ಬಯಲಿನಲ್ಲಿ ಈಗಲೂ ಹೇಳುತ್ತಾರೆ. ಫ್ಯೂಸಕ್ಕ ಆ ಫ್ಯೂಸಿಗೆ ಸೇರಿದ ಬಲ್ಬುಗಳನ್ನೆಲ್ಲ ಬಿಚ್ಚಿಟ್ಟರು. ಫ್ಯೂಸನ್ನೂ ಕಿತ್ತು ಆ ಜಾಗಕ್ಕೆ ಒಂದು ಬಲ್ಬಿನ ಎರಡು ತುದಿ ಸಿಕ್ಕಿಸಿ, ದೀಪದ ಸ್ವಿಚ್ಚು ಹಾಕಿದರು. ಈಗ ಆ ದಾರಿಯಲ್ಲಿ ಕರೆಂಟು ಹೋಗಲು ನ್ಯಾಯವಾದ ಜಾಗವೇ ಇಲ್ಲ. ಈ ಬಲ್ಬು ಹತ್ತಿತೆಂದರೆ ಎಲ್ಲೋ ಕಳ್ಳದಾರಿ ಇದೆ ಎಂದರ್ಥ. ಆಮೇಲೆ, ಒಂದೊಂದೇ ಮೂಟೆ ಹಾಕಿ ಎಂದರು. ಹಮಾಲರು ಗೊಣಗುತ್ತಲೇ ಹಾಕಿದರು. ಹತ್ತು, ಹದಿನೈದು. ಬಲ್ಬು ಕಪ್ಪಗೇ ಇತ್ತು. ಹದಿನೆಂಟು. ಯಾರೋ ನಕ್ಕರು. ಹತ್ತೊಂಬತ್ತನೇ ಮೂಟೆ ದೊಪ್ಪೆಂದು ಬಿತ್ತು, ಗಾಡಿ ಒಂದು ಬೆರಳಿನಷ್ಟು ಕುಸಿಯಿತು, ಬಲ್ಬು ಫಕ್ಕನೆ ಹತ್ತಿತು.

ನಗು ನಿಂತಿತು. ಯಾರೂ ಗಾಡಿ ಅಲ್ಲಾಡಿಸಬೇಡಿ ಎಂದು ಹೇಳಿ, ಚಕ್ರಗಳಿಗೆ ಮರದ ತುಂಡು ಕೊಟ್ಟು, ಫ್ಯೂಸಕ್ಕ ಕೆಳಗೆ ತೂರಿದರು. ಆ ಬದಿಯಿಂದ ಗಂಡ ನೆಲಕ್ಕೆ ಕೆನ್ನೆ ಹಚ್ಚಿ ಟಾರ್ಚು ಬಿಟ್ಟರು. "ಬಾಡಿ ಬೋಲ್ಟಿನ ಪಕ್ಕ ನೋಡು," ಎಂದರು. ಅಲ್ಲೇ ಇತ್ತು. ಭಾರಕ್ಕೆ ಗಾಡಿಯ ಮೈ ಇಳಿದಾಗ ಮಾತ್ರ ಬೋಲ್ಟಿನ ತಲೆ ವೈರಿನ ಕಟ್ಟನ್ನು ಒತ್ತುತ್ತಿತ್ತು. ಒಂದೇ ಒಂದು ವೈರಿನ ಸಿಪ್ಪೆ ಸವೆದು, ಎಳ್ಳಿನಷ್ಟು ತಾಮ್ರ ಹೊಳೆಯುತ್ತಿತ್ತು. ಖಾಲಿ ಗಾಡಿಯಲ್ಲಿ ವರ್ಷಗಟ್ಟಲೆ ಹುಡುಕಿದರೂ ಸಿಗದ ಎಳ್ಳು. ಮೂಟೆ ಇಳಿಸಿಸಿ, ವೈರಿಗೆ ಹೊಸ ಕವಚ ತೊಡಿಸಿ, ಬೋಲ್ಟಿನಿಂದ ಗೇಣು ದೂರಕ್ಕೆ ಎಳೆದು ಕಟ್ಟಿದರು. ಕೆಂಪು ಹತ್ತು ಕೂರಿಸಿದರು. ಇಪ್ಪತ್ತೆಂಟು ಮೂಟೆ ತುಂಬಿದ ಮೇಲೂ ಹಿಂದಿನ ದೀಪಗಳು ಉರಿಯುತ್ತಲೇ ಇದ್ದವು.

ಹಿಟ್ಟಿನಣ್ಣ ಹೊರಡಲಿಲ್ಲ. ಮಣ್ಣು ಕೊಡವಿಕೊಳ್ಳುತ್ತಿದ್ದ ಗಂಡನ ಪಕ್ಕ ಬಂದು ಕುಕ್ಕರುಗಾಲಲ್ಲಿ ಕೂತರು. "ಅಣ್ಣ, ಆವತ್ತು ಅರ್ಧ ಗಂಟೆ ಕಾಯಿ, ಸರಿಯಾದ್ದು ತರ್ತೀನಿ ಅಂದ್ರಿ ನೀವು. ಆಗಲ್ಲ, ಏನಾದ್ರೂ ಸಿಕ್ಕಿಸಿ ಕಳ್ಸಿ ಅಂದೋನು ನಾನು. ಇದನ್ನ ಇಲ್ಲೀವರೆಗೆ ಯಾರಿಗೂ ಹೇಳಿಲ್ಲ."

"ಹಾಕಿದ್ದು ನನ್ನ ಕೈ ಅಲ್ವಾ," ಎಂದರು ಗಂಡ.

"ಕೇಳಿದ್ದು ನನ್ನ ಬಾಯಿ."

ಬಿಸಿಲೇರುವವರೆಗೆ ಇಬ್ಬರೂ ಅಲ್ಲೇ ಕೂತಿದ್ದರಂತೆ. ಬೇಕರಿಗಳಿಗೆ ಆ ದಿನ ಹಿಟ್ಟು ತಡವಾಗಿ ಹೋಯಿತು.

ಇದು ನಡೆದು ಎಂಟು ವರ್ಷ. ಈಗ ಬಯಲಿನಲ್ಲಿ ದೊಡ್ಡ ರೋಗಕ್ಕೂ ಫ್ಯೂಸಕ್ಕನೇ. ಮಂಡಿ ಸವೆದಿದೆ, ಕುತ್ತಿಗೆ ಎಡಕ್ಕೆ ಪೂರ್ತಿ ತಿರುಗುವುದಿಲ್ಲ. ಅದಕ್ಕೇ ತಾನು ಬಲಪಂಥದವಳು ಎಂದು ನಗಿಸುತ್ತಾರೆ. ಪ್ರತಿ ಚಾಲಕನಿಗೂ ಅವನ ಗಾಡಿಯ ಫ್ಯೂಸು ಹುಡುಕಲು, ಪರೀಕ್ಷಿಸಲು, ಅದೇ ಅಳತೆಯದು ಹಾಕಲು ಪಟ್ಟು ಹಿಡಿದು ಕಲಿಸುತ್ತಾರೆ. ಕೀಲಿ ತೆಗೆದೇ ಮುಟ್ಟಬೇಕು, ಎರಡನೇ ಸಲ ಹೋದರೆ ಮೂರನೆಯದು ಹಾಕದೆ ತಮ್ಮ ಹತ್ತಿರ ಬರಬೇಕು, ಇದು ಶರತ್ತು. ಎಲ್ಲರೂ ಕಲಿತುಬಿಟ್ಟರೆ ನಿಮ್ಮ ಗತಿ ಏನು ಎಂದೆ. "ಆರು ಗಂಟೆವರೆಗೆ ಮಲಗ್ತೀನಿ," ಎಂದರು. ಅವರು ಕೈಯಿಟ್ಟ ಗಾಡಿಯಲ್ಲಿ ಹನ್ನೊಂದು ವರ್ಷದಲ್ಲಿ ಒಮ್ಮೆಯೂ ಹೊಗೆ ಎದ್ದಿಲ್ಲ ಎಂಬುದನ್ನು ಅವರು ಹೇಳಲಿಲ್ಲ. ತೋಳಿನ ಕಲೆ ಸವರಿಕೊಳ್ಳುತ್ತ ಹಿಟ್ಟಿನಣ್ಣ ಹೇಳಿದರು.

ಗಂಡ ಈಗ ದಿನಾ ಜೊತೆಗೆ ಬರುತ್ತಾರೆ. ಕಿಲುಬು ಹಿಡಿದ ತುದಿಗಳನ್ನು ಉಜ್ಜುತ್ತಾರೆ. ಹೊಸ ಫ್ಯೂಸುಗಳಲ್ಲಿ ಖೋಟಾ ಸೇರಿರುತ್ತದೆಂದು ಪ್ರತಿಯೊಂದರ ಅಂಕಿ ಓದಿ, ಮೀಟರಿಗೆ ಹಿಡಿದು ನೋಡಿಯೇ ಡಬ್ಬಿಗೆ ಹಾಕುತ್ತಾರೆ. ನಾನು ಮೂರು ಬೆಳಗು ಗಮನಿಸಿದೆ. ಹೆಂಡತಿ ಕೈ ಚಾಚಿದರೆ ಸರಿಯಾದ ಫ್ಯೂಸು ಅಂಗೈಗೆ ಬಂದು ಬೀಳುತ್ತದೆ. ಆದರೆ ಅದನ್ನು ಜಾಗಕ್ಕೆ ಕೂರಿಸುವ ಹೊತ್ತಿಗೆ ಗಂಡ ಒಂದು ಹೆಜ್ಜೆ ಹಿಂದೆ ಸರಿದು ಬೇರೆ ಕಡೆ ನೋಡುತ್ತಾರೆ.

ನಿಮಗೇನಾದರೂ ಆಸೆ ಇದೆಯೇ ಎಂದು ಕೊನೆಯ ದಿನ ಫ್ಯೂಸಕ್ಕನನ್ನು ಕೇಳಿದೆ. ಅವರು ಗಂಡನ ಕಡೆ ಕಣ್ಣು ಹಾಯಿಸಿ, ಕೇಳಿಸಬಾರದೆಂದು ದನಿ ತಗ್ಗಿಸಿದರು.

"ಒಂದೇ ಒಂದು ಫ್ಯೂಸು ಅವರ ಕೈಯಿಂದ ಕೂತ್ರೆ ಸಾಕು. ಯಾರ ಗಾಡಿ ಆದ್ರೂ ಸರಿ, ಹಾರ್ನಿಂದಾದ್ರೂ ಸರಿ. ಆವತ್ತು ಟಾರ್ಚು ನಾನು ಹಿಡಿದುಕೊಳ್ತೀನಿ."