ಪ್ರೊಫೆಸರರ ವರಾನ್ವೇಷಣೆ

‘ಸ್ವಜಾತಿಯ ಕ್ರೈಸ್ತ ವರ ಬೇಕು’ ಎಂದು ಬರೆದ ಚೀಟಿಯನ್ನು ಎಗ್ಮೋರಿನ ಪತ್ರಿಕಾ ಕಚೇರಿಯ ಜಾಹೀರಾತು ಕೌಂಟರಿನಲ್ಲಿ ಗುಮಾಸ್ತನಾದ ನನ್ನ ಮುಂದಿಟ್ಟವರು ದೇವತಾಶಾಸ್ತ್ರ ಕಲಿಸುವ ಪ್ರೊಫೆಸರು. ಕೋಲಾರದ ಕಡೆಯವರು, ಕೀಲ್ಪಾಕಿನಲ್ಲಿ ನಮ್ಮ ಪಕ್ಕದ ಮನೆ. ‘ಈ ಕಾಲಕ್ಕೆ ದೇವತಾಶಾಸ್ತ್ರ ಏಕೆ ಬೇಕು’ ಎಂಬ ತಮ್ಮ ಉಪನ್ಯಾಸಕ್ಕೆ ಹಿಂದಿನ ವಾರವಷ್ಟೇ ನನ್ನನ್ನೂ ಕರೆದೊಯ್ದಿದ್ದರು. ಕ್ರಿಸ್ತನಲ್ಲಿ ಜಾತಿಯಿಲ್ಲ ಎಂದು ಅವರು ಮೇಜು ಗುದ್ದಿ ಹೇಳಿದಾಗ ಮೊದಲು ಚಪ್ಪಾಳೆ ತಟ್ಟಿದವನು ನಾನೇ.

“ಜಾತಿಯಿಲ್ಲ ಅಂದಿದ್ರಲ್ಲ ಸಾರ್?” ಎಂದೆ.

“ಅದು ಥಿಯಾಲಜಿ ರಾಯರೇ. ಇದು ಮಗಳ ಮದ್ವೆ.”

ಮನಸಾರೆ ನಕ್ಕು ಚೀಟಿಯನ್ನು ಟ್ರೇಗೆ ಹಾಕಿದೆ. ಅದರ ಕೆಳಗೆ, ನನ್ನ ಮಗನಿಗೆ ಹೆಣ್ಣು ಬೇಕೆಂದು ಬೆಳಿಗ್ಗೆ ನಾನೇ ಬರೆದಿಟ್ಟ ಜಾಹೀರಾತಿತ್ತು. ಅದರಲ್ಲಿ ಜಾತಿಯಷ್ಟೇ ಅಲ್ಲ, ಒಳಪಂಗಡವೂ ಇತ್ತು. ನನ್ನ ಪುಣ್ಯ, ನನ್ನನ್ನು ಪ್ರಶ್ನಿಸಲು ಆ ಕೌಂಟರಿನಲ್ಲಿ ಬೇರೆ ಯಾರೂ ಇರಲಿಲ್ಲ.