ಇಂದ್ರವ್ವ ಅಳಿಸದ ಅಡ್ಡಹೆಸರುಗಳು

ಇಪ್ಪತ್ತೆರಡು ದಿನದ ಪಗಾರ, ದಿನಕ್ಕೆ ಹದಿನೈದು ರೂಪಾಯಿಯಂತೆ, ಬಾಗಲಕೋಟೆಯ ಚಂದಪ್ಪ ಇಂದ್ರವ್ವನಿಗೆ ಇನ್ನೂ ಕೊಟ್ಟಿಲ್ಲ. ಅದು 1989ರ ಫೆಬ್ರವರಿಯ ಬಾಕಿ.

ಇಂದ್ರವ್ವ ಟೈಪಿಂಗ್ ಕಲಿತವಳು. ಚಂದಪ್ಪನ ಅಂಗಡಿಗೆ ಕಂಪ್ಯೂಟರ್ ಬಂದಾಗ ಅದರ ಮುಂದೆ ಕೂತವಳೂ ಅವಳೇ. ಅಣೆಕಟ್ಟಿನ ನೀರಿನಲ್ಲಿ ಮುಳುಗಡೆಯಾಗುವ ಮೂರು ಹಳ್ಳಿಗಳ ಮನೆಯವರ ಪಟ್ಟಿ ಮಾಡಿಕೊಡುವ ಗುತ್ತಿಗೆ ಚಂದಪ್ಪನದು. ಪಟ್ಟಿಯಲ್ಲಿದ್ದವರಿಗೆ ಪರಿಹಾರ, ಇಲ್ಲದವರಿಗೆ ನೀರು. ಕಡೆಯ ದಿನ ಐದು ಗಂಟೆಯ ಬೆಂಗಳೂರು ಬಸ್ಸಿಗೆ ಆ ಪಟ್ಟಿ ಹೋಗಬೇಕಿತ್ತು. ಉಳಿದಿದ್ದ ಖಾಲಿ ಫ್ಲಾಪಿ ಒಂದೇ. ಪಟ್ಟಿ ಅದರಲ್ಲಿ ಹಿಡಿಯುವುದರ ನಾಲ್ಕು ಪಟ್ಟು.

ಫೈಲನ್ನು ಒತ್ತಿ ಸಣ್ಣದು ಮಾಡುವ ಪ್ರೋಗ್ರಾಂ ಎರಡಿದ್ದವು. ಒಂದು ಹಳ್ಳಿಯ ಪಟ್ಟಿ ಹಾಕಿ ಗಡಿಯಾರ ನೋಡಿದಳು. ಮೊದಲನೆಯದು ನಾಲ್ಕೇ ನಿಮಿಷದಲ್ಲಿ ಮುಗಿಸಿತು, ಅರ್ಧ ಫ್ಲಾಪಿ ತಿಂದಿತು. ಎರಡನೆಯದಕ್ಕೆ ಹದಿನೈದು ನಿಮಿಷ, ಆದರೆ ಮೂರೂ ಹಳ್ಳಿ ಒಂದರಲ್ಲೇ ಹಿಡಿಯುವಷ್ಟು ಸಣ್ಣದು.

"ಲಗೂನ ಆಗೂದು ಹಾಕವಾ," ಎಂದ ಚಂದಪ್ಪ.

"ಅದು ಹಿಡಿಯಂಗಿಲ್ರಿ."

"ಅಡ್ಡಹೆಸರಿನ ಕಾಲಮ್ ತೆಗಿ. ಹಿಡೀತೈತಿ."

"ಒಂದ ಊರಾಗ ಹನ್ನೊಂದು ಮಂದಿ ಸಿದ್ದವ್ವ ಅದಾರ್ರಿ. ಅದರಾಗ ನಾಕು ಮಂದಿ ಗಂಡಂದಿರ ಹೆಸರೂ ಕಾಶಪ್ಪ. ಮೆಣಸಿನಕಾಯಿ ಮನೆತನದಾಕಿ ಯಾರು, ಉಳ್ಳಾಗಡ್ಡಿ ಮನೆತನದಾಕಿ ಯಾರು, ಬೆಂಗಳೂರಿನ ಸಾಹೇಬಗ ಹೆಂಗ ಗೊತ್ತಾಗಬೇಕು?"

"ಏನವಾ, ಸಂತಿ ಚೀಟಿ ಓದಿದಂಗ ಹೇಳ್ತಿ!"

"ಚೀಟಿ ಅಲ್ರಿ, ಮಂದಿ ಮನಿ."

ಮೂರೂ ಹಳ್ಳಿಗೆ ನಿಧಾನದ್ದನ್ನೇ ಹಚ್ಚಿದಳು. ಮೂವತ್ತೆಂಟನೇ ನಿಮಿಷಕ್ಕೆ ಕರೆಂಟ್ ಹೋಯಿತು. ನಾಲ್ಕೂವರೆಗೆ ಬಂದಾಗ ಮತ್ತೆ ಮೊದಲಿನಿಂದ. ಐದರ ಬಸ್ಸು ಹಾರ್ನ್ ಹೊಡೆದು ಹೋಯಿತು.

"ಹೋತಲ್ಲ ಬಸ್ಸು! ನಿನ್ನ ಪಗಾರದಾಗ ಮುರೀತೇನಿ."

"ಮುರೀರಿ."

ಐದೂಕಾಲಿಗೆ ಪಟ್ಟಿ ಮುಗಿದಾಗ ಫ್ಲಾಪಿಯನ್ನು ಸೆರಗಿನಲ್ಲಿ ಸುತ್ತಿಕೊಂಡು, ಕುಳಗೇರಿ ಕ್ರಾಸಿನಲ್ಲಿ ಬಸ್ಸು ಬದಲಿಸಿ, ಹುಬ್ಬಳ್ಳಿಗೆ ಹೋದಳು. ಅಲ್ಲಿ ಬೆಂಗಳೂರು ಬಸ್ಸಿನ ಕಂಡಕ್ಟರ್ ಹುಸೇನಸಾಬನ ಕೈಗಿಟ್ಟಳು. ಟಿಕೆಟ್ ದುಡ್ಡೂ ಅವಳದೇ. ಮರುದಿನ ಪಟ್ಟಿ ಸ್ವೀಕಾರವಾಯಿತು. ಹನ್ನೊಂದು ಸಿದ್ದವ್ವಂದಿರಿಗೆ ಹನ್ನೊಂದು ಸಾಲು. ಚಂದಪ್ಪನ ಬಿಲ್ಲು ಒಂದು ಪೈಸೆ ಮುರಿಯದೆ ಪಾಸಾಯಿತು. ಅವನು ಮಾತ್ರ ಇಂದ್ರವ್ವನ ಇಪ್ಪತ್ತೆರಡೂ ದಿನ ಮುರಿದ.

ಆ ಪಟ್ಟಿಯ ಮೇಲೆ ಪರಿಹಾರ ಎಣಿಸಿಕೊಂಡವರೇ, ಇದನ್ನು ಓದಿ ಮಡಚಿಡಬೇಡಿ. ಬರುವ ಸೋಮವಾರ ಹತ್ತು ಗಂಟೆಗೆ ಚಂದಪ್ಪನ ಅಂಗಡಿ ಮುಂದೆ ನಿಲ್ಲಿ. ಒಬ್ಬೊಬ್ಬರೂ ನಿಮ್ಮ ಅಡ್ಡಹೆಸರು ಕೂಗಿ ಹೇಳಿ, ಅವಳ ಪಗಾರ ಕೇಳಿ.