ಹೆಂಡತಿ ಹೇಳದ ಹೆಸರು

ಐವತ್ತರ ದಶಕದಲ್ಲಿ ನಾನು ಕನ್ನಡ-ಮರಾಠಿ ಗಡಿಯ ಜತ್ತದ ಕೋರ್ಟಿನಲ್ಲಿ ಕಾರಕೂನನಾಗಿದ್ದೆ. ಕುರಿ ಮೇಯಿಸಲು ಹೋದ ದರಿಬಡಚಿ ಹಳ್ಳಿಯವನೊಬ್ಬ ತಿರುಗಿ ಬಂದಿರಲಿಲ್ಲ. ಪೊಲೀಸರು ತಿಂಗಳಿಗೊಮ್ಮೆ ತಪಾಸಿನ ವರದಿ ಕೊಡಬೇಕೆಂದು ಸಾಹೇಬರು ಹುಕುಂ ಮಾಡಿದ್ದರು. ಪ್ರತಿ ತಾರೀಖಿಗೂ ಅವನ ಹೆಂಡತಿ ಮೈದುನನನ್ನು ಕರಕೊಂಡು ಬಂದು ಗೋಡೆಗೆ ಒರಗಿ ಕೂಡುತ್ತಿದ್ದಳು. ‘ಶೋಧ ನಡೆದಿದೆ’ ಎಂಬ ಅದೇ ಮರಾಠಿ ಸಾಲನ್ನು ಆಕೆಗೆ ಕನ್ನಡದಲ್ಲಿ ಹೇಳಿ ಹೇಳಿ ನನಗೂ ಬೇಸರ ಬಂದಿತ್ತು.

ಎಂಟನೆಯ ಸಲದ ತಾರೀಖಿಗೆ ವರದಿ ಬದಲಾಯಿತು: ಮನುಷ್ಯ ಸಿಕ್ಕಿದ್ದಾನೆ, ಊರಲ್ಲೇ ಇದ್ದಾನೆ. ಆಕೆ ಗಡಬಡಿಸಿ ಬಾಗಿಲ ಕಡೆ ನೋಡಿದಳು. ಪೊಲೀಸಿನವನು ಮೈದುನನತ್ತ ಬೆರಳು ಮಾಡಿದ.

ಮೊದಲು ಆಕೆಯ ಅರ್ಜಿ ಬರೆದುಕೊಟ್ಟವನು ನಾನೇ. ಗಂಡನ ಹೆಸರು ಕೇಳಿದ್ದೆ. ನಮ್ಮ ಕಡೆ ಹೆಂಡತಿ ಅದನ್ನು ಬಾಯಿಂದ ಆಡುವುದಿಲ್ಲ. ಆಕೆ ಮೈದುನನ ಹೆಸರು ಹೇಳಿ, “ಅವನ ಅಣ್ಣ ಆಗಬೇಕ್ರಿ” ಎಂದಿದ್ದಳು. ಅವಸರದಲ್ಲಿ ನಾನು ಆ ಹೆಸರನ್ನೇ ಬರೆದಿದ್ದೆ. ಎಂಟು ತಿಂಗಳು ಕೋರ್ಟಿನಲ್ಲೇ ಕೂತವನನ್ನು ಹುಡುಕಲು ಪೊಲೀಸರು ಎಲ್ಲೆಲ್ಲಿ ತಿರುಗಿದ್ದರೋ.

ಅರ್ಜಿಯಲ್ಲಿನ ಹಳೆಯ ಹೆಸರು ಹೊಡೆದುಹಾಕಿ, ಮೈದುನ ಹೇಳಿದ ಅಣ್ಣನ ಹೆಸರು ಬರೆದೆ. ಸಾಹೇಬರು ಮುಂದಿನ ತಾರೀಖು ಕೊಟ್ಟರು. ಆಕೆ ಎದ್ದು ಸೆರಗು ಹೊದ್ದು, ದನಿ ಏರಿಸದೆ ನನ್ನನ್ನು ಕೇಳಿದಳು:

“ಹಂಗಾದ್ರ ಇಷ್ಟ ದಿನಾ ಅವರನ್ನ ಯಾರೂ ಹುಡಕೇ ಇಲ್ಲೇನ್ರಿ?”